ಓದು ಬಿಟ್ಟವರ ತರಗತಿ

ನನ್ನ ದನಿ ಕೇಳಿದರೆ ಸತ್ತ ಫೋನೂ ಎದ್ದು ಕೂತು ಮಾತಾಡುತ್ತದೆ. ಇದು ಜಂಬವಲ್ಲ, ನಮ್ಮ ಕೋಣೆಯಲ್ಲಿ ಎಲ್ಲರೂ ಒಪ್ಪುವ ಮಾತು. ಒಪ್ಪದವರು ಒಬ್ಬಿಬ್ಬರಿದ್ದರು, ಅವರು ಬೇರೆ ಕೆಲಸ ನೋಡಿಕೊಂಡರು. ವಿಶ್ವವಿದ್ಯಾಲಯದ ಅಂಕಿ-ಅಂಶ ಕೇಂದ್ರದ ನೆಲಮಾಳಿಗೆಯಲ್ಲಿ, ರಟ್ಟಿನ ಅಡ್ಡಗೋಡೆಗಳ ನಡುವೆ, ಕಿವಿಗೆ ಹೆಡ್‌ಫೋನ್ ಏರಿಸಿಕೊಂಡು ಕೂತು ವಿದ್ಯಾರ್ಥಿಗಳಿಗೆ ಫೋನ್ ಮಾಡಿ ಪ್ರಶ್ನೆ ಕೇಳುವುದು ನಮ್ಮ ಕೆಲಸ. ಓದುತ್ತಿದ್ದೀರಾ, ಬಿಟ್ಟಿರಾ, ಬಿಟ್ಟಿದ್ದರೆ ಯಾಕೆ ಬಿಟ್ಟಿರಿ, ಮನೆಯಲ್ಲಿ ಓದಲು ಮೇಜಿದೆಯೇ, ಇದ್ದರೆ ಅದರ ಮೇಲೆ ಪುಸ್ತಕವಿದೆಯೇ ಇಲ್ಲಾ ಮಡಚದ ಬಟ್ಟೆಯಿದೆಯೇ. ಹೀಗೆ ಕೇಳಿ ಕೇಳಿ ನಾನು ಈ ಲೋಕದ ಅರ್ಧದಷ್ಟು ವಿದ್ಯಾರ್ಥಿಗಳ ಜೊತೆ ಮಾತಾಡಿದ್ದೇನೆ. ಉಳಿದರ್ಧ ನನ್ನ ಫೋನಿಗೆ ಕಾಯುತ್ತಾ ಕೂತಿದೆ.

ಆದರೆ ನಾನು ಹೇಳಹೊರಟದ್ದು ನನ್ನ ವಿಷಯವಲ್ಲ. ಅದಕ್ಕೆ ಬೇರೆಯೇ ಒಂದು ದಪ್ಪ ಪುಸ್ತಕ ಬೇಕು. ಇದು ನನ್ನ ಅತ್ತಿಗೆಯ ವಿಷಯ.

ಅತ್ತಿಗೆ ಅಂದರೆ ನನ್ನ ಅಣ್ಣನ ಹೆಂಡತಿ, ಅದೇ ಕೇಂದ್ರದ ಮೂರನೆಯ ಮಹಡಿಯಲ್ಲಿ ಕೂರುವ ಹಿರಿಯ ಸಂಖ್ಯಾಶಾಸ್ತ್ರಜ್ಞೆ. ನಾನಿರುವುದು ಅವರ ಮನೆಯಲ್ಲೇ. ಆ ಮನೆಯಲ್ಲಿ ಅಡುಗೆ ಅಣ್ಣನದು, ಲೆಕ್ಕ ಅತ್ತಿಗೆಯದು, ತಿನ್ನುವುದು ಮತ್ತು ಮಾತಾಡುವುದು ನನ್ನದು. ಅತ್ತಿಗೆಯ ಕಿವಿ ಎಂಥದ್ದೆಂದರೆ, ಪಕ್ಕದ ಕೋಣೆಯಲ್ಲಿ ಒಂದು ಅಂಕಿ ಕೆಮ್ಮಿದರೆ ಇಲ್ಲಿ ಇವರಿಗೆ ನಿದ್ದೆ ಬಿಡುತ್ತದೆ. ಒಮ್ಮೆ ಯಾರೋ ಹೊರೆಯಷ್ಟು ದೊಡ್ಡ ವರದಿ ತಂದು ಮೇಜಿನ ಮೇಲಿಟ್ಟರು. ಅತ್ತಿಗೆ ಅದನ್ನು ಬಿಡಿಸಲೂ ಇಲ್ಲ, ಸುಮ್ಮನೆ ಮೂಸಿ ನೋಡಿ, ನಡುವಿನ ಒಂದು ಕೋಷ್ಟಕದಲ್ಲಿ ಹುಡುಗರೂ ಹುಡುಗಿಯರೂ ಸೇರಿ ಶೇಕಡಾ ನೂರನ್ನು ದಾಟಿದ್ದಾರೆ ಅಂದರು. ತೆಗೆದು ನೋಡಿದರೆ ದಾಟಿದ್ದರು. ಮೂಸಿದ್ದನ್ನು ನಾನು ಕಣ್ಣಾರೆ ಕಂಡಿಲ್ಲ, ಆದರೆ ಅವರು ಮೂಸದೆ ಹೇಳಿದರು ಅಂದರೆ ಇನ್ನೂ ದೊಡ್ಡ ಸುಳ್ಳಾಗುತ್ತದೆ.

ಅವರಿಗೊಂದು ಕೊರತೆಯಿದೆ. ಇದ್ದದ್ದನ್ನು ಇದ್ದಷ್ಟೇ ಹೇಳುತ್ತಾರೆ. ‘ಸುಮಾರು’ ಅನ್ನುವ ಪದ ಅವರ ಗಂಟಲಲ್ಲಿ ಮೀನಿನ ಮುಳ್ಳಿನ ಹಾಗೆ ಸಿಕ್ಕಿಕೊಳ್ಳುತ್ತದೆ. ಮದುವೆಯಾದ ಹೊಸದರಲ್ಲಿ ಅಣ್ಣ ಯಾವುದೋ ಊರಿಂದ ಬಂದವನು, ನಿನ್ನನ್ನ ಸಾವಿರ ಸಲ ನೆನೆಸಿಕೊಂಡೆ ಅಂದನಂತೆ. ‘ಸಾವಿರಾನಾ?’ ಅಂತ ಕೇಳಿದರಂತೆ ಅತ್ತಿಗೆ, ಕೋಪದಿಂದಲ್ಲ, ತಿಳಿದುಕೊಳ್ಳುವ ಆಸೆಯಿಂದ. ಅಂದಿನಿಂದ ಅಣ್ಣ ಎಣಿಸಿಕೊಂಡೇ ನೆನೆಸಿಕೊಳ್ಳುತ್ತಾನೆ. ಇಂಥ ಮನೆಯಲ್ಲಿ, ಕಡ್ಡಿಯನ್ನು ಗುಡ್ಡ ಮಾಡದೆ ಊಟವೇ ಜೀರ್ಣವಾಗದ ನಾನು ಹೇಗೆ ಬದುಕಿದ್ದೇನೆ ಅಂತ ನೀವೇ ಯೋಚಿಸಿ.

ಈಗ ಕಥೆಗೆ ಬರೋಣ. ನಮ್ಮ ವಿಶ್ವವಿದ್ಯಾಲಯಕ್ಕೆ ಒಂದು ಸಂಜೆ ಕಾಲೇಜು ಇತ್ತು. ಹಗಲು ದುಡಿದು, ಕತ್ತಲಾಗುವ ಹೊತ್ತಿಗೆ ಓದಲು ಬರುವವರದು. ಹಳೆಯ ಕಟ್ಟಡ, ಎತ್ತರದ ಕಿಟಕಿಗಳು, ಕೂತರೆ ಮುದುಕರ ಮಂಡಿಯಂತೆ ಕಿರುಗುಟ್ಟುವ ಬೆಂಚುಗಳು. ಹಿಂದಿನ ವರ್ಷ ಅತ್ತಿಗೆ ಈ ಕಾಲೇಜಿನ ಬಗ್ಗೆ ಒಂದು ವರದಿ ಬರೆದಿದ್ದರು. ಅದರ ಸಾರ ಇಷ್ಟೇ: ಇಲ್ಲಿಗೆ ಸೇರುವ ಹತ್ತು ಜನರಲ್ಲಿ ಆರು ಜನ ಓದು ಬಿಟ್ಟು ಹೋಗುತ್ತಾರೆ. ಅತ್ತಿಗೆ ಬರೆದದ್ದು ಕಾಲೇಜಿಗೆ ಇನ್ನಷ್ಟು ನೆರವು ಬೇಕು ಅಂತ ತೋರಿಸಲು. ಓದಿದವರು ಓದಿಕೊಂಡದ್ದು ಬೇರೆ. ಹತ್ತಕ್ಕೆ ಆರು ಸೋರುವ ಕೊಡವನ್ನು ಯಾಕೆ ಹೊರಬೇಕು, ಒಡೆದೇಬಿಡೋಣ ಅಂದರು.

ಹಾಗೆ ಅಂದವರಲ್ಲಿ ಮೊದಲಿಗರು ನಮ್ಮ ಕುಲಸಚಿವರು. ಸಣಕಲು ಮೈ, ಮೇಲೊಂದು ದುಂಡನೆಯ ಬೋಳು ತಲೆ. ನಾನು ಅವರಿಗೆ ಗುಂಡುಸೂಜಿ ಅಂತ ಹೆಸರಿಟ್ಟಿದ್ದೆ, ಈಗ ಇಡೀ ವಿಶ್ವವಿದ್ಯಾಲಯ ಅವರನ್ನು ಕರೆಯುವುದೇ ಹಾಗೆ, ಅವರೆದುರಿಗೆ ಬಿಟ್ಟು. ಕೆಟ್ಟವರಲ್ಲ. ಕಾಗದಗಳನ್ನು ಒಟ್ಟಿಗೆ ಹಿಡಿದಿಡುವವರು, ಜೊತೆಗೆ ಆಗಾಗ ಚುಚ್ಚುವವರು. ಸಂಜೆ ಕಾಲೇಜಿನ ಬಾಗಿಲು ಹಾಕಿ ಆ ಕಟ್ಟಡವನ್ನು ಹಗಲಿನ ಹೊಸ ಕೋರ್ಸುಗಳಿಗೆ ಕೊಡಬೇಕು ಅನ್ನುವುದು ಅವರ ಯೋಜನೆ. ತಿಂಗಳ ಕೊನೆಗೆ ಆಡಳಿತ ಮಂಡಳಿಯ ಸಭೆಯಿತ್ತು. ಅತ್ತಿಗೆಯ ವರದಿ ಅಲ್ಲಿ ಮಂಡನೆಯಾಗಿ ತೀರ್ಮಾನವಾಗಬೇಕಿತ್ತು. ಅದೇ ಸಭೆಯಲ್ಲಿ ನಮ್ಮ ಕೇಂದ್ರಕ್ಕೆ ಹೊಸ ನಿರ್ದೇಶಕರ ಹೆಸರೂ ಹೊರಬೀಳಬೇಕಿತ್ತು, ಅದು ಅತ್ತಿಗೆಯದೇ ಅಂತ ಗುಂಡುಸೂಜಿ ಮೂರು ಕಡೆ ಹೇಳಿದ್ದರು. ನಾನು ಆಗಲೇ ಮುನ್ನೂರು ಕಡೆ ಹೇಳಿಯಾಗಿತ್ತು.

ಸಭೆಗೆ ಮುನ್ನ ನಮಗೊಂದು ಸಣ್ಣ ಕೆಲಸ ಉಳಿದಿತ್ತು. ಬಿಟ್ಟವರ ಪಟ್ಟಿ ಹಿಡಿದು ಮತ್ತೊಮ್ಮೆ ಫೋನ್ ಮಾಡಿ, ಯಾಕೆ ಬಿಟ್ಟಿರಿ ಅಂತ ಕೇಳಿ, ಕಾರಣಗಳನ್ನು ವರದಿಯ ಕೊನೆಗೆ ಸೇರಿಸಬೇಕಿತ್ತು. ಫೋನ್ ಮಾಡುವ ಹೊತ್ತು ಯಾವಾಗಲೂ ಸಂಜೆಯೇ. ಅದು ಅತ್ತಿಗೆ ತಾವೇ ಮಾಡಿದ ನಿಯಮ: ದುಡಿಯುವ ಜನ ಹಗಲಲ್ಲಿ ಸಿಗುವುದಿಲ್ಲ, ಸಂಜೆ ಮನೆಗೆ ಬಂದಿರುತ್ತಾರೆ, ಆಗ ಕೇಳಿ. ಎಷ್ಟು ಸರಿಯಾದ ನಿಯಮ ನೋಡಿ. ಮೂರು ಸಲ ಮಾಡಿಯೂ ತೆಗೆಯದಿದ್ದರೆ ‘ಸಿಗದವರು’ ಅಂತ ಗುರುತು ಹಾಕುವುದು. ಪಟ್ಟಿಯಲ್ಲಿ ಬಿಟ್ಟಿದ್ದಾರೆ ಅಂತಿದೆ, ಫೋನಿನಲ್ಲಿ ಯಾರೂ ಅದನ್ನು ಅಲ್ಲಗಳೆಯಲಿಲ್ಲ, ಹಾಗಾದರೆ ಬಿಟ್ಟಿದ್ದಾರೆ; ಹಿಂದಿನ ವರ್ಷದ ವರದಿಯಲ್ಲೂ ಎಣಿಸಿದ್ದು ಹೀಗೆಯೇ. ಸಂಜೆ ಕಾಲೇಜಿನ ಪಟ್ಟಿಯಲ್ಲಿ ಈ ಸಿಗದವರು ಎಷ್ಟು ಜನವೆಂದರೆ, ಫೋನು ರಿಂಗಾಗಿ ರಿಂಗಾಗಿ ನನ್ನ ಕಿವಿಯೊಳಗೆ ಒಂದು ಗುಬ್ಬಿ ಗೂಡು ಕಟ್ಟಿತ್ತು.

ಒಂದು ಸಂಜೆ, ಆ ಪಟ್ಟಿಯಲ್ಲೊಬ್ಬಳು ಫೋನ್ ತೆಗೆದಳು.

ನಾನು ನನ್ನ ಜೇನಿನಂಥ ದನಿಯಲ್ಲಿ, ವಿಶ್ವವಿದ್ಯಾಲಯದಿಂದ ಮಾತಾಡುತ್ತಿದ್ದೇನೆ, ತಾವು ಓದು ನಿಲ್ಲಿಸಲು ಕಾರಣವೇನು ಅಂತ ಕೇಳಿದೆ. ಆ ಕಡೆಯಿಂದ ಪಿಸುಮಾತು ಬಂತು.

‘ಸ್ವಲ್ಪ ಮೆಲ್ಲಗೆ ಮಾತಾಡಿ ಸಾರ್, ಕ್ಲಾಸಲ್ಲಿದೀನಿ.’

ಅಷ್ಟು ಹೇಳಿ ಇಟ್ಟೇಬಿಟ್ಟಳು.

ನನಗೆ ನಗು ತಡೆಯಲಾಗಲಿಲ್ಲ. ಇಂಥ ಮಾತು ಸಿಕ್ಕಿದರೆ ನಾನು ಬಿಡುವವನೇ? ಮನೆಗೆ ಹೋಗುವ ದಾರಿಯಲ್ಲೇ ಅದಕ್ಕೆ ಕೈಕಾಲು ಬೆಳೆಸಿದೆ. ಊಟಕ್ಕೆ ಕೂತಾಗ ಅಣ್ಣನಿಗೆ ಹೇಳುವಷ್ಟರಲ್ಲಿ ಆ ಹೆಂಗಸು ಮೇಷ್ಟ್ರಿಗೇ ಫೋನ್ ಕೊಟ್ಟಿದ್ದಳು, ಮೇಷ್ಟ್ರು ನನ್ನನ್ನೇ ಬೆಂಚಿನ ಮೇಲೆ ನಿಲ್ಲಿಸಿದ್ದರು, ತರಗತಿಯೆಲ್ಲ ಚಪ್ಪಾಳೆ ತಟ್ಟಿತ್ತು. ಅಣ್ಣ ನಕ್ಕು ನಕ್ಕು ಸೌಟು ಕೆಳಗೆ ಹಾಕಿದ. ಅತ್ತಿಗೆ ನಗಲಿಲ್ಲ. ಕೈಯಲ್ಲಿದ್ದ ತುತ್ತು ಕೈಯಲ್ಲೇ ನಿಂತಿತ್ತು.

‘ಅದರಲ್ಲಿ ನೀನು ಸೇರಿಸಿದ್ದು ಎಷ್ಟು, ಅವಳು ಅಂದದ್ದು ಎಷ್ಟು?’ ಅಂತ ಕೇಳಿದರು.

ನಾನು ಮೇಷ್ಟ್ರನ್ನು ತೆಗೆದೆ. ಚಪ್ಪಾಳೆ ತೆಗೆದೆ. ಬೆಂಚು ತೆಗೆದೆ. ಜರಡಿ ಹಿಡಿದಂತೆ ಎಲ್ಲ ಉದುರಿಸಿದ ಮೇಲೆ ಉಳಿದದ್ದು ಒಂದೇ ಮಾತು: ಕ್ಲಾಸಲ್ಲಿದ್ದೇನೆ ಅಂದಳು.

‘ಅದು ನಿಜಾನಾ?’

‘ಅದು ನಿಜ ಅತ್ತಿಗೆ.’

ಅತ್ತಿಗೆ ತುತ್ತನ್ನು ತಟ್ಟೆಯಲ್ಲಿಟ್ಟು ಎದ್ದು ಕೈ ತೊಳೆದರು. ಅಣ್ಣ, ಅಡುಗೆ ಕೆಟ್ಟಿದೆಯಾ ಅಂತ ನನ್ನನ್ನು ಕೇಳಿದ. ಕೆಟ್ಟದ್ದು ಅಡುಗೆಯಲ್ಲ, ಬೇರೇನೋ ಅಂತ ನನಗೆ ಆಗಲೇ ವಾಸನೆ ಹತ್ತಿತ್ತು.

ಮಾರನೆಯ ದಿನ ಮಧ್ಯಾಹ್ನ, ಊಟದ ಬಿಡುವಿನಲ್ಲಿ, ಅತ್ತಿಗೆ ನೆಲಮಾಳಿಗೆಗೆ ಇಳಿದು ಬಂದು ನನ್ನ ಪಕ್ಕದ ಕುರ್ಚಿಯಲ್ಲಿ ಕೂತು ಇನ್ನೊಂದು ಹೆಡ್‌ಫೋನ್ ಹಾಕಿಕೊಂಡರು. ಅದೇ ನಂಬರಿಗೆ ಮಾಡು ಅಂದರು. ಮಾಡಿದೆ. ಹೆಂಗಸು ಮೊದಲ ರಿಂಗಿಗೇ ತೆಗೆದಳು. ಬಾವಿಯೊಳಗಿಂದ ಬಂದಂಥ ದನಿ. ಯಾಕೆಂದರೆ ಅವಳು ಲಿಫ್ಟ್ ರಿಪೇರಿ ಮಾಡುವವಳು, ಆ ಹೊತ್ತಿಗೆ ಯಾವುದೋ ಆಸ್ಪತ್ರೆಯ ಲಿಫ್ಟಿನ ಗುಂಡಿಯಲ್ಲಿ ನಿಂತು ಹಗ್ಗಕ್ಕೆ ಎಣ್ಣೆ ಹಚ್ಚುತ್ತಿದ್ದಳು. ನೆನ್ನೆ ಮಾತಾಡಲಾಗಲಿಲ್ಲ, ಬೇಜಾರು ಮಾಡಿಕೊಳ್ಳಬೇಡಿ ಅಂದಳು. ಸಂಜೆ ಕಾಲೇಜಿನಲ್ಲಿ ಎಲ್ಲರ ಫೋನನ್ನೂ ಮೇಷ್ಟ್ರ ಮೇಜಿನ ಮೇಲೊಂದು ಮರದ ತಟ್ಟೆಯಲ್ಲಿ ಇಟ್ಟು ಕೂರಬೇಕಂತೆ, ಅದು ಅಲ್ಲಿನ ಕಟ್ಟುಪಾಡು. ಇವಳಿಗೊಬ್ಬಳಿಗೆ ಮಾತ್ರ ಜೊತೆಯಲ್ಲಿಟ್ಟುಕೊಳ್ಳಲು ಅಪ್ಪಣೆ, ಯಾರಾದರೂ ಲಿಫ್ಟಿನಲ್ಲಿ ಸಿಕ್ಕಿಕೊಂಡರೆ ಕರೆ ಬರುತ್ತದೆಂದು.

ಅತ್ತಿಗೆ ತಾವೇ ಮಾತಿಗಿಳಿದರು. ಹಾಗಾದರೆ ನೀವು ಓದು ಬಿಟ್ಟಿಲ್ಲವೇ ಅಂದರು. ಬಿಟ್ಟಿದ್ದೆ ಅಂದಳು. ಮಗು ಹುಟ್ಟಿದಾಗ ಒಂದು ಅವಧಿ ಬಿಟ್ಟಳಂತೆ, ಮತ್ತೆ ಬಂದು ಸೇರಿದಳಂತೆ. ಅಮ್ಮ ಹಾಸಿಗೆ ಹಿಡಿದಾಗ ಬಿಟ್ಟಳಂತೆ, ಅಮ್ಮ ಎದ್ದು ಓಡಾಡಿದ ಮೇಲೆ ಮತ್ತೆ ಸೇರಿದಳಂತೆ. ಕಂಪನಿ ಪಾಳಿ ಬದಲಿಸಿದಾಗ ಬಿಟ್ಟಳಂತೆ, ಜಗಳವಾಡಿ ಪಾಳಿ ವಾಪಸ್ ಪಡೆದು ಮತ್ತೆ ಬಂದಳಂತೆ. ಒಂದೊಂದು ಸಲ ಸೇರಿದಾಗಲೂ ಹೊಸ ವಿದ್ಯಾರ್ಥಿ ಅಂತ ಹೊಸ ನೋಂದಣಿ ನಂಬರು ಕೊಟ್ಟರಂತೆ.

ಅತ್ತಿಗೆಯ ಮುಖ ಸುಣ್ಣದ ಗೋಡೆಯಾಯಿತು. ಹಳೆಯ ನಂಬರುಗಳೇನಾದವು ಅಂತ ಅವಳನ್ನು ಕೇಳಬೇಕಾಗಿರಲಿಲ್ಲ. ಅವು ನಮ್ಮ ಪಟ್ಟಿಯಲ್ಲಿದ್ದವು, ಮೂರೂ, ಬಿಟ್ಟವರ ಸಾಲಿನಲ್ಲಿ. ಅತ್ತಿಗೆ ಅದನ್ನು ಅವಳಿಗೇ ಹೇಳಿಬಿಟ್ಟರು. ಮುಚ್ಚಿಡಲು ಬರುವುದಿಲ್ಲವಲ್ಲ.

‘ಬಿಟ್ಟವರಲ್ಲಿ ನಾನೊಬ್ಬಳೇ ಮೂರು ಜನಾನಾ ಮೇಡಂ?’ ಅಂದಳು ಲಿಫ್ಟಿನವಳು. ‘ಇರಬಹುದು ಬಿಡಿ. ಆ ಮೂರು ಜನದ ಫೀಸಂತೂ ನಾನೇ ಕಟ್ಟಿದೀನಿ.’

ನಾನು ನಕ್ಕೆ. ಅತ್ತಿಗೆ ಹೆಡ್‌ಫೋನ್ ತೆಗೆದು ಮೇಜಿನ ಮೇಲಿಟ್ಟು, ಗೋಡೆಗೆ ಅಂಟಿಸಿದ್ದ ಕರೆಯ ವೇಳಾಪಟ್ಟಿಯನ್ನೇ ನೋಡುತ್ತಾ ಕೂತರು. ಅದರ ಮೇಲೆ ಅವರದೇ ಸಹಿ. ಸಂಜೆ ತರಗತಿ ನಡೆಯುವ ಹೊತ್ತೂ ನಾವು ಫೋನ್ ಮಾಡುವ ಹೊತ್ತೂ ಅಕ್ಕಪಕ್ಕ ಇಟ್ಟರೆ ಒಂದರ ಮೇಲೊಂದು ಮುಚ್ಚಳದ ಹಾಗೆ ಕೂರುತ್ತಿತ್ತು. ತರಗತಿಯಲ್ಲಿ ಕೂತವರಿಗೆ ಫೋನ್ ಮಾಡಿ, ತೆಗೆಯಲಿಲ್ಲ ಅಂತ, ಅವರು ತರಗತಿ ಬಿಟ್ಟರು ಅಂತ ಬರೆದಿದ್ದೆವು. ಕಂಕುಳಲ್ಲಿ ಕೂಸು ಇಟ್ಟುಕೊಂಡು ಊರೆಲ್ಲ ಹುಡುಕಿದರು ಅನ್ನುತ್ತಾರಲ್ಲ, ನಾವು ಹುಡುಕಿದ್ದು ಮಾತ್ರವಲ್ಲ, ಕೂಸು ಕಳೆದಿದೆ ಅಂತ ಅಚ್ಚು ಹಾಕಿಸಿ ಹಂಚಿದ್ದೆವು.

ಬೇರೆ ಯಾರಾದರೂ ಆಗಿದ್ದರೆ ಒಬ್ಬಳ ಮಾತು ಕೇಳಿ ಅಲ್ಲೇ ಕುಣಿಯುತ್ತಿದ್ದರು ಅಥವಾ ಅಲ್ಲೇ ಮರೆತುಬಿಡುತ್ತಿದ್ದರು. ಅತ್ತಿಗೆ ಎರಡನ್ನೂ ಮಾಡಲಿಲ್ಲ. ಒಬ್ಬಳಿಂದ ಏನೂ ಗೊತ್ತಾಗುವುದಿಲ್ಲ, ಹೋಗಿ ನೋಡೋಣ ಅಂದರು.

ಸಂಜೆ ಕಾಲೇಜಿನ ಪ್ರಾಂಶುಪಾಲರು ಮೆತ್ತನೆಯ ಮನುಷ್ಯ. ಮುಚ್ಚುವ ಸುದ್ದಿ ಕಿವಿಗೆ ಬಿದ್ದ ದಿನವೇ ತಮ್ಮ ಕೋಣೆಯ ಗೋಡೆ ಗಡಿಯಾರವನ್ನು ಇಳಿಸಿ ಕಾಗದದಲ್ಲಿ ಸುತ್ತಿಟ್ಟಿದ್ದರು. ವರದಿ ಬರೆದ ಮೇಡಂ ಖುದ್ದು ಬಂದಿದ್ದಾರೆ ಅಂದಾಗ, ಇನ್ನೇನು ಉಳಿದಿದೆ ಕೊಂಡೊಯ್ಯಲು ಅನ್ನುವ ಹಾಗೆ ಸುತ್ತ ನೋಡಿದರು. ಅತ್ತಿಗೆ ಕೇಳಿದ್ದು ಇಷ್ಟೇ: ನಿಮ್ಮ ದೊಡ್ಡ ಸಭಾಂಗಣದ ತರಗತಿಯಲ್ಲಿ, ಫೋನಿನ ತಟ್ಟೆಯ ಪಕ್ಕ, ನಾವಿಬ್ಬರು ಸ್ವಲ್ಪ ಹೊತ್ತು ನಿಲ್ಲಬಹುದೇ. ಪ್ರಾಂಶುಪಾಲರಿಗೆ ತಲೆಬುಡ ತಿಳಿಯದಿದ್ದರೂ ತಲೆ ಆಡಿಸಿದರು.

ನೆಲಮಾಳಿಗೆಯಲ್ಲಿದ್ದ ನಮ್ಮವರಿಗೆ ಅತ್ತಿಗೆ ಮೊದಲೇ ಹೇಳಿಟ್ಟಿದ್ದರು: ಈ ತರಗತಿಗೆ ಸೇರಿದ ಬಿಟ್ಟವರ ಪಟ್ಟಿಯಲ್ಲಿ ಎಂಬತ್ತು ಜನರನ್ನು ಆರಿಸಿದ್ದೇನೆ, ಎಂದಿನ ಹೊತ್ತಿಗೆ, ಎಂದಿನ ಹಾಗೆಯೇ, ಒಬ್ಬೊಬ್ಬರಿಗೇ ಫೋನ್ ಮಾಡಿ. ನನಗೆ ಹೇಳಿದ್ದು ಇನ್ನೊಂದು: ನೀನೂ ಎಣಿಸು, ನಾನೂ ಎಣಿಸುತ್ತೇನೆ, ಮುಗಿಯುವ ತನಕ ಒಬ್ಬರಿಗೊಬ್ಬರು ಹೇಳುವುದು ಬೇಡ. ಅವರ ಕೆಲಸದ ಪದ್ಧತಿಯೇ ಹಾಗೆ. ಇಬ್ಬರು ಬೇರೆ ಬೇರೆಯಾಗಿ ಎಣಿಸದ ಯಾವ ಲೆಕ್ಕವನ್ನೂ ಅವರು ಮನೆಯೊಳಗೆ ಬಿಟ್ಟುಕೊಳ್ಳುವುದಿಲ್ಲ.

ಮೇಷ್ಟ್ರು ಹಲಗೆಯ ಮೇಲೆ ಏನೋ ಬರೆಯುತ್ತಿದ್ದರು. ಸಭಾಂಗಣದ ತುಂಬ ತಲೆಗಳು. ಕೆಲವರ ಮೈಮೇಲೆ ಇನ್ನೂ ಕೆಲಸದ ಸಮವಸ್ತ್ರ, ಒಬ್ಬಳ ಕೂದಲಲ್ಲಿ ಹಿಟ್ಟಿನ ಪುಡಿ, ಒಬ್ಬನ ಉಗುರಿನಲ್ಲಿ ಬಣ್ಣ. ಮುಂದಿನ ಸಾಲಿನಲ್ಲಿ ಒಬ್ಬ ಅಜ್ಜ ಮೊಮ್ಮಗಳ ವಯಸ್ಸಿನವಳ ಪುಸ್ತಕ ನೋಡಿ ಬರೆದುಕೊಳ್ಳುತ್ತಿದ್ದ. ನಾನು ಇಷ್ಟು ವರ್ಷ ಕಿವಿಯಿಂದಷ್ಟೇ ಕಂಡ ಜನ, ಈಗ ಕಣ್ಣೆದುರು ಕೂತಿತ್ತು. ಮೇಜಿನ ಮೇಲೆ ತಟ್ಟೆ. ಮಂಚದಷ್ಟು ಅಗಲ ಅಂದರೆ ಅತ್ತಿಗೆ ಬೈಯುತ್ತಾರೆ, ತೊಟ್ಟಿಲಷ್ಟು ಅಗಲ.

ಮೊದಲು ಒಂದು ಫೋನು ‘ಗುಂಯ್’ ಅಂತು. ಆಮೇಲೆ ಅದರ ಪಕ್ಕದ್ದು. ಆಮೇಲೆ ಮೂಲೆಯದ್ದು. ಮರದ ಮೇಲೆ ಅವು ಜೀರುಂಡೆಗಳ ಹಾಗೆ ತೆವಳುತ್ತಾ ಒಂದಕ್ಕೊಂದು ಢಿಕ್ಕಿ ಹೊಡೆದವು. ಒಂದು ನಿಂತರೆ ಇನ್ನೊಂದು. ಮೇಷ್ಟ್ರು ಬರೆಯುವುದನ್ನು ನಿಲ್ಲಿಸಿದರು. ತರಗತಿಯವರು ಕತ್ತು ನೀಳ ಮಾಡಿ, ಯಾರದ್ದು ಯಾರದ್ದು ಅಂತ ನೋಡತೊಡಗಿದರು. ಓದು ಬಿಟ್ಟವರ ಫೋನುಗಳು ಓದುವವರ ಮೇಜಿನ ಮೇಲೆ ಕುಣಿಯುತ್ತಿದ್ದವು, ಯಾಕೆ ಬಿಟ್ಟಿರಿ, ಯಾಕೆ ಬಿಟ್ಟಿರಿ ಅಂತ. ಕಟ್ಟಡದ ಮಾಡೇ ಹಾರಿಹೋಯಿತು ಅಂತ ನಾನು ಆಮೇಲೆ ಕೆಲವರಿಗೆ ಹೇಳಿದ್ದುಂಟು. ಮಾಡು ಇದ್ದಲ್ಲೇ ಇತ್ತು. ಹಾರಿದ್ದು ನನ್ನ ಎದೆ.

ಅತ್ತಿಗೆ ಮಾತ್ರ ತುಟಿ ಅಲುಗಿಸುತ್ತಾ ಎಣಿಸುತ್ತಿದ್ದರು. ಕಣ್ಣಲ್ಲಿ ನೀರು ತುಂಬಿತ್ತು. ಎಣಿಕೆ ತಪ್ಪೀತೆಂದು ಒರೆಸಿಕೊಳ್ಳಲಿಲ್ಲ.

ಮುಗಿದ ಮೇಲೆ ಹೊರಗಿನ ಪಡಸಾಲೆಯಲ್ಲಿ ನಮ್ಮಿಬ್ಬರ ಲೆಕ್ಕ ಹೋಲಿಸಿದೆವು. ಒಂದು ವ್ಯತ್ಯಾಸ ಬಂತು. ಮತ್ತೆ ಒಳಗೆ ಹೋಗಿ ವಿಚಾರಿಸಿ ಅದನ್ನೂ ಬಗೆಹರಿಸಿಕೊಂಡೆವು. ಆ ವ್ಯತ್ಯಾಸ ಏನು ಅನ್ನುವುದು ಅದರ ಜಾಗದಲ್ಲಿ ಬರುತ್ತದೆ.

ಮನೆಗೆ ನಡೆದು ಬರುವಾಗ ನಾನು ಬುದ್ಧಿವಂತಿಕೆ ಖರ್ಚು ಮಾಡಿದೆ. ನನ್ನ ಹತ್ತಿರ ಅದು ಮೂಟೆಗಟ್ಟಲೆ ಬಿದ್ದಿರುತ್ತದೆ. ಅತ್ತಿಗೆ, ಈ ವಿಷಯ ನಮ್ಮಿಬ್ಬರಿಗೇ ಗೊತ್ತು. ನಿಮ್ಮ ವರದಿ ತಪ್ಪು ಅಂತ ನೀವೇ ಎದ್ದು ಹೇಳಿದರೆ ನಿರ್ದೇಶಕರ ಕುರ್ಚಿ ಹೋದಂತೆಯೇ, ಕೈಗೆ ಬಂದ ತುತ್ತು ಬಾಯಿಗಿಲ್ಲ. ಈಗ ಸುಮ್ಮನಿರಿ, ಕುರ್ಚಿಯ ಮೇಲೆ ಕೂತು, ಮುಂದಿನ ವರ್ಷ ನಿಧಾನವಾಗಿ ಸರಿಯಾಗಿ ಎಣಿಸಿ, ಹೊಸ ವರದಿ ಬರೆದರಾಯಿತು. ಹೀಗೆಲ್ಲ ಹೇಳಿದೆ. ಅತ್ತಿಗೆ ಪೂರ್ತಿ ಕೇಳಿದರು. ಆಮೇಲೆ ಹೇಳಿದರು:

‘ಮುಂದಿನ ವರ್ಷ ಎಲ್ಲಿ ಎಣಿಸ್ತೀಯಪ್ಪಾ? ಬಾಗಿಲಿಗೆ ಬೀಗ ಬಿದ್ದಿರುತ್ತಲ್ಲ.’

ನಾನು ಮಾತಾಡದೆ ಅಷ್ಟು ದೂರ ನಡೆದದ್ದು ಅದೇ ಮೊದಲು, ದಾರಿಯ ನಾಯಿಗಳೂ ಗಾಬರಿಯಾದವು.

ಸಭೆಗೆ ಉಳಿದಿದ್ದ ದಿನಗಳಲ್ಲಿ ಅತ್ತಿಗೆ ಇಡೀ ಪಟ್ಟಿಯನ್ನು ಹೊಸದಾಗಿ ಬಿಡಿಸಿದರು. ಹಳೆಯ ನಂಬರಿನವರೂ ಹೊಸ ನಂಬರಿನವರೂ ಒಬ್ಬರೇನಾ ಅಂತ ಹೆಸರು, ಹುಟ್ಟಿದ ದಿನ, ತಾಯಿಯ ಹೆಸರು ಇಟ್ಟು ಜೋಡಿಸುವುದು. ಅನುಮಾನ ಬಂದರೆ ಮಧ್ಯಾಹ್ನದ ಹೊತ್ತು ನಾನು ಫೋನ್ ಮಾಡಿ ಕೇಳುವುದು. ಚೂರುಚೂರಾದ ಮಣ್ಣಿನ ಕೊಡವನ್ನು ಮತ್ತೆ ಜೋಡಿಸಿದಂತೆ ಅವರು ಒಂದೊಂದೇ ತುಂಡು ಸೇರಿಸಿ ಇಡೀ ಮನುಷ್ಯರನ್ನು ಎಬ್ಬಿಸಿ ನಿಲ್ಲಿಸಿದರು. ಆ ಕೆಲಸ ನೋಡಬೇಕಿತ್ತು ನೀವು. ಬೆರಳು ಕೀಲಿಮಣೆಯ ಮೇಲೆ, ಕಣ್ಣು ಪರದೆಯ ಮೇಲೆ, ಅಣ್ಣ ತಂದಿಟ್ಟ ಚಹಾ ಆರಿ, ಮತ್ತೆ ಬಿಸಿಯಾಗಿ, ಮತ್ತೆ ಆರಿ, ಕೊನೆಗೆ ಅಣ್ಣನೇ ಕುಡಿದು.

ಕೊನೆಗೆ ಬಂದ ಲೆಕ್ಕ: ಹತ್ತರಲ್ಲಿ ಆರಲ್ಲ, ಮೂರು. ಉಳಿದವರು ಬಿಟ್ಟಿರಲಿಲ್ಲ, ನಿಂತಿದ್ದರು, ಉಸಿರು ತೆಗೆದುಕೊಂಡಿದ್ದರು, ಮತ್ತೆ ಬಂದಿದ್ದರು.

ನನಗೆ ಖುಷಿಯಾಗಿ, ಒಳ್ಳೆಯ ಕೆಲಸಕ್ಕೆ ಅಲ್ಲವೇ, ಎರಡು ಅಂತಲೇ ಹೇಳಿಬಿಡಿ ಅಂದೆ. ಕೇಳೋಕೂ ಚೆನ್ನ, ಕಾಲೇಜೂ ಗಟ್ಟಿಯಾಗಿ ಉಳಿಯುತ್ತದೆ.

‘ಮೂರು ಅಂದ್ರೆ ಮೂರೇ,’ ಅಂದರು ಅತ್ತಿಗೆ. ‘ಆ ಮೂರನೇ ಅವನು ನಿಜವಾಗ್ಲೂ ಬಿಟ್ಟು ಹೋಗಿದಾನೆ. ನಾವು ಅವನನ್ನ ಲೆಕ್ಕದಿಂದಾನೂ ಬಿಟ್ರೆ, ಅವನನ್ನ ಹುಡುಕೋರು ಯಾರು?’

ಸಭೆಯ ದಿನ ನನ್ನನ್ನೂ ಕರೆದುಕೊಂಡು ಹೋದರು, ಫೋನ್ ಮಾಡಿದವರ ಪರವಾಗಿ. ಉದ್ದನೆಯ ಮೇಜು, ಮುಖ ಕಾಣುವಷ್ಟು ಹೊಳಪು. ಸುತ್ತ ಮಂಡಳಿಯವರು. ಗುಂಡುಸೂಜಿ ಅಚ್ಚಾದ ವರದಿಯನ್ನು ಎಲ್ಲರ ಮುಂದೆ ಇಟ್ಟಿದ್ದರು, ಹತ್ತಕ್ಕೆ ಆರು ಅನ್ನುವುದರ ಕೆಳಗೆ ಗೆರೆ ಬೇರೆ ಎಳೆದಿದ್ದರು. ಇನ್ನು ತಡವೇಕೆ, ಮೇಡಂ ಎರಡು ಮಾತು ಹೇಳಲಿ, ತೀರ್ಮಾನ ಬರೆದುಕೊಳ್ಳೋಣ ಅಂದರು.

ಅತ್ತಿಗೆ ಎದ್ದು ನಿಂತು, ಈ ವರದಿ ತಪ್ಪಾಗಿದೆ, ತಪ್ಪು ಮಾಡಿದವಳು ನಾನೇ ಅಂದರು. ಫೋನಿನ ಹೊತ್ತು, ಮರದ ತಟ್ಟೆ, ಹಳೆಯ ನಂಬರು, ಹೊಸ ನಂಬರು ಎಲ್ಲವನ್ನೂ ಮಗುವಿಗೂ ಅರ್ಥವಾಗುವ ಹಾಗೆ ಬಿಡಿಸಿ ಹೇಳಿದರು. ತಮ್ಮನ್ನು ತಾವು ಬೈದುಕೊಳ್ಳಲಿಲ್ಲ, ಬೇರೆ ಯಾರ ಮೇಲೂ ಹಾಕಲಿಲ್ಲ. ತುಂಡು ಬಿದ್ದ ಪಾತ್ರೆಯನ್ನು ಎತ್ತಿ ತೋರಿಸಿ, ಇಗೋ ಇಲ್ಲಿ ಒಡೆದಿದೆ ಅನ್ನುವ ಹಾಗೆ. ನಾನು ಬಹಳ ಧೈರ್ಯವಂತರನ್ನು ಕಂಡಿದ್ದೇನೆ, ಕನ್ನಡಿಯಲ್ಲಂತೂ ದಿನಾ ಕಾಣುತ್ತೇನೆ. ಅಂಥ ಧೈರ್ಯ ಕಂಡಿರಲಿಲ್ಲ.

ಗುಂಡುಸೂಜಿಯ ತಲೆ ಕೆಂಪಗಾಯಿತು. ಇದು ಅಚ್ಚಾಗಿದೆ, ಹಂಚಿಯಾಗಿದೆ ಅಂದರು. ಆಮೇಲೆ ಚುಚ್ಚಿದರು:

‘ಹಾಗಾದ್ರೆ ನೀವು ಹೋದ ವರ್ಷ ನಮಗೆ ಸುಳ್ಳು ಹೇಳಿದ್ರಿ ಅಂತಾಯ್ತು.’

‘ಸುಳ್ಳಲ್ಲ ಸಾರ್, ತಪ್ಪು,’ ಅಂದರು ಅತ್ತಿಗೆ. ‘ಸುಳ್ಳು ಹೇಳೋರಿಗೆ ನಿಜ ಗೊತ್ತಿರುತ್ತೆ. ನನಗೆ ಗೊತ್ತಿರಲಿಲ್ಲ. ಈಗ ಗೊತ್ತಿದೆ. ಈಗ ಸುಮ್ಮನಿದ್ರೆ ಸುಳ್ಳಾಗುತ್ತೆ.’

ಗುಂಡುಸೂಜಿ ದಡ್ಡರಲ್ಲ. ಹೋದ ವರ್ಷದ್ದು ತಪ್ಪಾದರೆ ಈ ವರ್ಷದ್ದು ಸರಿ ಅಂತ ಹೇಗೆ ನಂಬುವುದು ಅಂದರು. ನ್ಯಾಯವಾದ ಪ್ರಶ್ನೆಯೇ. ಅಂದು ಸಂಜೆ ತಟ್ಟೆಯ ಪಕ್ಕ ಮೇಡಂ ಜೊತೆ ಇನ್ನೊಬ್ಬರು ಎಣಿಸಿದರಂತಲ್ಲ, ಯಾರು ಅಂತ ಕೇಳಿ, ನನ್ನ ಮುಖ ನೋಡಿ, ಅವರ ತುಟಿಯ ತುದಿಯಲ್ಲಿ ನಗು ಬಂತು. ಯಾಕೆಂದರೆ ನನ್ನ ಕೀರ್ತಿ ಅಲ್ಲಿಯವರೆಗೂ ಮುಟ್ಟಿತ್ತು. ಒಮ್ಮೆ ಅವರ ಕೋಣೆಗೇ ಹೋಗಿ, ಒಂದೇ ವಾರದಲ್ಲಿ ಒಂದು ಲಕ್ಷ ಜನರ ಜೊತೆ ಮಾತಾಡಿದ್ದೇನೆ, ಸಂಬಳ ಹೆಚ್ಚಿಸಿ ಅಂತ ಕೇಳಿದ್ದೆ.

‘ಓಹೋ, ಲಕ್ಷದವರು,’ ಅಂದರು. ‘ಹೇಳಿಪ್ಪಾ. ಅವತ್ತು ಎಂಬತ್ತು ಜನಕ್ಕೆ ಫೋನ್ ಮಾಡಿದಾಗ ಎಷ್ಟು ಫೋನು ಅಲ್ಲಾಡಿದ್ವು?’

ನನ್ನ ನಾಲಿಗೆಯ ತುದಿಯಲ್ಲಿ ಎಪ್ಪತ್ತೈದು ಕೂತಿತ್ತು. ಎಷ್ಟು ಚಂದದ ಸಂಖ್ಯೆ. ಅದರ ಹಿಂದೆ ಹಾರಿಹೋದ ಮಾಡು, ಅತ್ತ ಮೇಷ್ಟ್ರು, ಎದ್ದು ನಿಂತ ತರಗತಿ ಎಲ್ಲವೂ ಸಾಲುಗಟ್ಟಿ ತಯಾರಾಗಿದ್ದವು. ಕಾಲೇಜಿನ ಬಾಗಿಲು ನನ್ನ ನಾಲಿಗೆಯ ಮೇಲೆ ನೇತಾಡುತ್ತಿತ್ತು. ಅತ್ತಿಗೆಯ ಕಡೆ ನೋಡಿದೆ. ಅವರು ನನ್ನನ್ನು ನೋಡುತ್ತಿರಲಿಲ್ಲ. ಎಚ್ಚರಿಸುವವರ ಹಾಗೆ ಒಂದು ಕೆಮ್ಮೂ ಇಲ್ಲ. ಮೇಜಿನ ಮೇಲೆ ಕೈ ಮಡಚಿ, ಮುಂದಿನ ಸಾಲಿನ ವಿದ್ಯಾರ್ಥಿನಿಯ ಹಾಗೆ, ನಾನು ಹೇಳುವುದನ್ನು ಕೇಳಲು ಕೂತಿದ್ದರು. ನಾನು ನಿಜ ಹೇಳುತ್ತೇನೆ ಅಂತ ಅವರು ಲೆಕ್ಕ ಹಾಕಿಯಾಗಿತ್ತು. ಅವರ ಲೆಕ್ಕ ಇನ್ನೊಂದು ಸಲ ತಪ್ಪಾಗುವುದು ನನಗೆ ಬೇಕಿರಲಿಲ್ಲ.

‘ನನ್ನ ಲೆಕ್ಕಕ್ಕೆ ನಲವತ್ತೊಂದು ಸಾರ್,’ ಅಂದೆ. ‘ಮೇಡಂ ಲೆಕ್ಕಕ್ಕೆ ನಲವತ್ತು. ಆಮೇಲೆ ಹೋಗಿ ವಿಚಾರಿಸಿದ್ವಿ. ನಾನು ಜಾಸ್ತಿ ಎಣಿಸಿದ್ದು ಮೇಷ್ಟ್ರ ಫೋನು. ಅವರ ಮನೆಯವರು ಮಾಡಿದ್ದಂತೆ, ಬರ್ತಾ ಸೋಪು ತನ್ನಿ ಅಂತ. ಅದನ್ನ ಕಳೆದ್ರೆ ನಲವತ್ತು.’

ಮೊದಲು ನಕ್ಕಿದ್ದು ಮೇಜಿನ ತುದಿಯಲ್ಲಿದ್ದ ಮುದುಕರು, ಮಂಡಳಿಯ ಅಧ್ಯಕ್ಷರು. ಆಮೇಲೆ ಎಲ್ಲರೂ ನಕ್ಕರು, ಗುಂಡುಸೂಜಿಯೂ, ತಡೆಯಲಾಗದೆ. ನಗು ನಿಂತ ಮೇಲೆ ಅಧ್ಯಕ್ಷರು, ಸೋಪಿನ ಕರೆಯನ್ನೂ ಬಿಡದೆ ಕಳೆದಿದ್ದಾರೆಂದರೆ ಉಳಿದದ್ದನ್ನು ನಂಬಬಹುದು ಅಂದರು. ಎಂಬತ್ತರಲ್ಲಿ ನಲವತ್ತು ಜನ, ನಾವು ಇಲ್ಲ ಅಂದವರು, ಅಲ್ಲೇ ಕೂತಿದ್ದರು ಅಂತ ತಮ್ಮಷ್ಟಕ್ಕೆ ಇನ್ನೊಮ್ಮೆ ಹೇಳಿಕೊಂಡರು. ಆಗ ಯಾರೂ ನಗಲಿಲ್ಲ.

ಕಾಲೇಜು ಮುಚ್ಚುವ ಮಾತನ್ನು ಅಂದೇ ಕೈಬಿಟ್ಟರು. ಒಮ್ಮೆ ಸೇರಿದವರಿಗೆ ಎಷ್ಟು ಸಲ ಬಿಟ್ಟು ಬಂದರೂ ಒಂದೇ ನಂಬರು ಅಂತ ನಿಯಮವಾಯಿತು. ಹತ್ತಕ್ಕೆ ಮೂರರಂತೆ ನಿಜವಾಗಿ ಬಿಟ್ಟವರನ್ನು ಹುಡುಕಿ ಮಾತಾಡಿಸುವ ಕೆಲಸ ನಮ್ಮ ಕೇಂದ್ರಕ್ಕೆ ಬಂತು. ಪ್ರಾಂಶುಪಾಲರು ಗಡಿಯಾರವನ್ನು ಕಾಗದದಿಂದ ಬಿಚ್ಚಿ ಮತ್ತೆ ಗೋಡೆಗೆ ಹಾಕಿದರು, ಅದು ಹಿಂದೆಂದೂ ತೋರಿಸದಷ್ಟು ಸರಿಯಾದ ಹೊತ್ತು ತೋರಿಸುತ್ತಿದೆ ಅನ್ನುತ್ತಾರೆ. ಇದು ನನ್ನ ಮಾತಲ್ಲ, ಅವರದ್ದೇ. ನಿರ್ದೇಶಕರ ಕುರ್ಚಿ ಬೇರೊಬ್ಬರಿಗೆ ಹೋಯಿತು. ಅಂದು ಊಟಕ್ಕೆ ಕೂತಾಗ ಅಣ್ಣ ಅತ್ತಿಗೆಗೆ ಎರಡು ಸೌಟು ಹೆಚ್ಚಿಗೆ ಬಡಿಸಿದ. ಅತ್ತಿಗೆ ಬಡಿಸಿದ್ದಷ್ಟನ್ನೂ ತಿಂದು ಮುಗಿಸಿದರು.

ಈಗ ನಾವು ಫೋನ್ ಮಾಡುವುದು ಮಧ್ಯಾಹ್ನದ ಬಿಡುವಿನಲ್ಲಿ. ನನ್ನ ಕಿವಿಯ ಗುಬ್ಬಿ ಗೂಡು ಖಾಲಿ ಮಾಡಿಕೊಂಡು ಹೋಗಿದೆ. ಈ ಕಥೆಯನ್ನು ನಾನು ಹೇಳದ ಜಾಗವಿಲ್ಲ. ಹೇಳಿದಾಗಲೆಲ್ಲ ಕಟ್ಟಡ ದೊಡ್ಡದಾಗುತ್ತದೆ, ಗುಂಡುಸೂಜಿ ತೆಳ್ಳಗಾಗುತ್ತಾರೆ. ನಲವತ್ತು ಮಾತ್ರ ನಲವತ್ತೇ.

ಮೊನ್ನೆ ಲಿಫ್ಟಿನವಳು ತಾನಾಗಿಯೇ ನಮ್ಮ ಕೋಣೆಗೆ ಫೋನ್ ಮಾಡಿದಳು. ಸಾರ್, ಈ ಸಲ ನಿಜವಾಗಲೂ ಓದು ಬಿಟ್ಟೆ, ಪದವಿ ಪಾಸಾಗಿ ಬಿಟ್ಟೆ, ಇದಕ್ಕೆ ಯಾವ ಗುರುತು ಹಾಕ್ತೀರಿ ಅಂತ ಕೇಳಿದಳು. ಅತ್ತಿಗೆ ಆಗ ನನ್ನ ಹಿಂದೆಯೇ ನಿಂತಿದ್ದರು. ನಾನು ಹೆಡ್‌ಫೋನ್ ತೆಗೆದು ವಿಷಯ ಹೇಳಿದೆ.

‘ಮೂರು ಜನಾನೂ ಪಾಸಾದ್ರಾ ಕೇಳು,’ ಅಂದರು ಅತ್ತಿಗೆ.

ನನಗೆ ಹೊಳೆಯಲು ಒಂದು ಗಳಿಗೆ ಬೇಕಾಯಿತು. ಇಷ್ಟು ವರ್ಷ ಒಂದೇ ಮನೆಯಲ್ಲಿದ್ದೇನೆ, ಅತ್ತಿಗೆ ತಮಾಷೆ ಮಾಡಿದ್ದನ್ನು ಕೇಳಿರಲಿಲ್ಲ. ಕೇಳಿದೆ. ಆ ಕಡೆಯಿಂದ ಉತ್ತರ ತಕ್ಷಣ ಬಂತು.

‘ಮೂರು ಜನಾನೂ ಪಾಸು ಅಂತ ಹೇಳಿ ಮೇಡಂಗೆ. ಆದ್ರೆ ಸರ್ಟಿಫಿಕೇಟು ಮಾತ್ರ ಒಂದೇ ಕೊಟ್ರು.’

ಹೇಳಿದೆ. ಅತ್ತಿಗೆ ನಕ್ಕರು. ಎಷ್ಟು ಜೋರಾಗಿ ಅಂದರೆ, ಬೇಡ ಬಿಡಿ, ನಾನು ಹೇಳಿದರೆ ನೀವು ನಂಬುವುದಿಲ್ಲ.